ಎಳ್ಳಿಲ್ಲದ ಬನ್ನು

ದೊಡ್ಡಬಳ್ಳಾಪುರದ ಹಿಂದಿನ ಬೀದಿಗಳಲ್ಲಿ ಮಗ್ಗದ ಸದ್ದಿಗೆ ಯಾರಿಗೂ ಎಚ್ಚರವಾಗುವುದಿಲ್ಲ. ಸದ್ದು ನಿಂತರೆ ಎಚ್ಚರವಾಗುತ್ತದೆ. ಕರೆಂಟು ಹೋಯಿತೆಂದು ಅರ್ಥ. ಅಂಥ ಒಂದು ಬೀದಿಯ ಕೊನೆಯ ಮನೆ ಪ್ರಮೋದಾಳದು. ಗಂಡ ಭಾನುಪ್ರಕಾಶ್ ಮಗ್ಗದ ಮೋಟಾರು ರಿಪೇರಿ ಮಾಡುತ್ತಾನೆ. ಮಗಳು ಮದುವೆಯಾಗಿ ತುಮಕೂರು ಸೇರಿದ್ದಾಳೆ. ಪ್ರಮೋದಾ ಹನ್ನೆರಡು ವರ್ಷ ಗಾರ್ಮೆಂಟ್ಸಿನಲ್ಲಿ ಶರ್ಟಿನ ಕಾಲರು ಹೊಲಿದಳು. ಇನ್ನು ನನ್ನ ಕೈಲಾಗದು ಎಂದು ಸೊಂಟ ಹೇಳಿದ ದಿನ ಕೆಲಸ ಬಿಟ್ಟು ಬಂದವಳು, ಆರು ವರ್ಷಗಳಿಂದ ಮನೆಯಲ್ಲೇ ಹಾಲಿನ ಬನ್ನು ಮಾಡುತ್ತಿದ್ದಾಳೆ. ವಯಸ್ಸು ನಲವತ್ತಾರು. ಒಳ್ಳೆಯ ಹೆಂಗಸು. ಒಳ್ಳೆಯ ಹೆಂಗಸು ಅನ್ನಿಸಿಕೊಳ್ಳುವ ಚಪಲ ಮಾತ್ರ ಕೊಂಚ ಜಾಸ್ತಿ. ಅದೇನೂ ದೊಡ್ಡ ದೋಷವಲ್ಲ, ಬಹಳ ಮಂದಿಗೆ ಅಷ್ಟೂ ಇರುವುದಿಲ್ಲ.

ಬನ್ನು ಕಲಿಸಿದವರು ಪಕ್ಕದ ಗಲ್ಲಿಯ ಸರ್ವರ್ ಬೇಗಂ. ಅವರ ಮಗ ಮಹಬೂಬ್ ಬಸ್ ಸ್ಟ್ಯಾಂಡಿನ ಹತ್ತಿರ ಟೀ ಅಂಗಡಿ ಇಟ್ಟುಕೊಂಡಿದ್ದಾನೆ. ಮೊದಮೊದಲು ಅಂಗಡಿಗೆ ಬೇಕಾದ ಬನ್ನನ್ನು ಬೇಗಂ ಅವರೇ ಮಾಡುತ್ತಿದ್ದರು. ಮಂಡಿ ಕೈಕೊಟ್ಟ ಮೇಲೆ, ಸೊಂಟ ಕೈಕೊಟ್ಟ ಪ್ರಮೋದಾಳನ್ನು ಕರೆದು ಕೂರಿಸಿ ಕಲಿಸಿದರು. ಒಂದು ಹಿಡಿ ಮೈದಾವನ್ನು ಹಾಲಿನಲ್ಲಿ ಕದಡಿ, ಒಲೆಯ ಮೇಲೆ ಕೂಸಿಗೆ ರಾಗಿ ಸರಿ ಕಾಯಿಸಿದ ಹಾಗೆ ಕಾಯಿಸಬೇಕು. ಅದು ಆರಿದ ಮೇಲೆ ಉಳಿದ ಮೈದಾ, ಸಕ್ಕರೆ, ಉಗುರುಬೆಚ್ಚಗಿನ ಹಾಲಿನಲ್ಲಿ ನೆನೆದು ನೊರೆಯೆದ್ದ ಈಸ್ಟು, ಎಲ್ಲ ಸೇರಿಸಿ ನಾದಬೇಕು. ಹಾಲು ಕಾದು ಆರಿದ್ದೇ ಆಗಬೇಕು, ಹಸಿ ಹಾಲಾದರೆ ಬನ್ನು ಬಿರುಸು. ನೀರು ಒಂದು ಹನಿಯೂ ಸೋಕಬಾರದು. ಬೆಣ್ಣೆ ಕೊನೆಗೆ. ಹಿಟ್ಟಿನ ಒಂದು ಚೂರನ್ನು ಎರಡೂ ಕೈಯಲ್ಲಿ ಎಳೆದು ಕಿಟಕಿಗೆ ಹಿಡಿದರೆ ಹರಿಯದೆ ಬೆಳಕು ಕಾಣಬೇಕು, ಅಲ್ಲಿಯವರೆಗೂ ನಾದುತ್ತಿರಬೇಕು. 'ಕೈ ಸೋತ್ರೆ ಅಳು, ಆದ್ರೆ ನಿಲ್ಲಿಸ್ಬೇಡ' ಎಂದಿದ್ದರು ಬೇಗಂ.

ಬೇಗಂ ತಮ್ಮ ಬನ್ನಿನ ಮೇಲೆ ಮೊಟ್ಟೆ ಸವರುತ್ತಿದ್ದರು. ಹಾಗೆ ಸವರಿದರೆ ಎಣ್ಣೆ ಹಚ್ಚಿ ಬಾಚಿದ ತಲೆಯ ಹಾಗೆ ಹೊಳೆಯುತ್ತದೆ, ಟೀ ಅಂಗಡಿಯ ಗಾಜಿನ ಭರಣಿಯಲ್ಲಿ ಕಣ್ಣಿಗೆ ಬೀಳುತ್ತದೆ. ಆದರೆ ಪ್ರಮೋದಾಳ ಬೀದಿಯಲ್ಲಿ ಸೋಮವಾರ ಒಬ್ಬರಿಗೆ ಮೊಟ್ಟೆ ಆಗದು, ಶನಿವಾರ ಇನ್ನೊಬ್ಬರಿಗೆ ಆಗದು, ಹರಕೆ ಹೊತ್ತವರಿಗೆ ಯಾವ ವಾರವೂ ಆಗದು. ಆದ್ದರಿಂದ ಬೀದಿಯವರ ಬನ್ನಿಗೆ ಅವಳು ಬರೀ ಹಾಲು ಸವರಿದಳು, ಮಹಬೂಬನ ಅಂಗಡಿಯದಕ್ಕೆ ಮೊಟ್ಟೆ. ಒಂದೇ ಓವನ್ನು, ಎರಡು ಟ್ರೇ, ಎರಡು ಕುಂಚ. ಬೆರಕೆಯಾಗದಿರಲಿ ಎಂದು ಮೊಟ್ಟೆ ಸವರಿದ್ದರ ಮೇಲೆ ನಾಲ್ಕು ಕಾಳು ಬಿಳಿ ಎಳ್ಳು ಉದುರಿಸುವ ನಿಯಮ ಮಾಡಿಕೊಂಡಳು. ಎಳ್ಳಿದ್ದರೆ ಮೊಟ್ಟೆ, ಇಲ್ಲದಿದ್ದರೆ ಹಾಲು. ಆರು ವರ್ಷ ಈ ನಿಯಮ ಒಮ್ಮೆಯೂ ತಪ್ಪಿರಲಿಲ್ಲ. ಅದನ್ನು ಹೇಳಿಕೊಳ್ಳುವುದೆಂದರೆ ಅವಳಿಗೆ ಬಲು ಇಷ್ಟ.

ಹಾಲು ಬರುತ್ತಿದ್ದುದು ಎದುರು ಸಾಲಿನ ಮುತ್ಯಾಲಮ್ಮನ ಮನೆಯಿಂದ. ಎರಡು ಸೀಮೆಹಸು, ಏರ್‌ಪೋರ್ಟಿಗೆ ಟ್ಯಾಕ್ಸಿ ಓಡಿಸುವ ಮಗ ಅಶೋಕ್, ಗಾರ್ಮೆಂಟ್ಸಿಗೆ ಹೋಗುವ ಸೊಸೆ ಮಾನಸ, ಇಷ್ಟು ಅವಳ ಸಂಸಾರ. ಮಾನಸಳಿಗೆ ಇಪ್ಪತ್ತಾರು. ಎರಡು ಸಲ ಬಸುರಾಗಿ ಎರಡು ಸಲವೂ ನಿಂತಿರಲಿಲ್ಲ. ಮುತ್ಯಾಲಮ್ಮ ಘಾಟಿ ಸುಬ್ರಹ್ಮಣ್ಯನಿಗೆ ಹರಕೆ ಹೊತ್ತಳು: ಹನ್ನೆರಡು ತಿಂಗಳ ಷಷ್ಠಿ ಸೊಸೆ ಉಪವಾಸ ಮಾಡಬೇಕು, ವರ್ಷ ಪೂರ್ತಿ ಮಾಂಸ ಮೊಟ್ಟೆ ಮುಟ್ಟಬಾರದು. ಸೊಸೆಗೆ ಮಾತ್ರ ಕಟ್ಟು ಹಾಕಿ ತಾನು ಕೋಳಿಸಾರು ಉಣ್ಣುವ ಅತ್ತೆಯಲ್ಲ ಅವಳು, ತಾನೂ ಬಿಟ್ಟಳು. ಭಾನುವಾರದ ಬಾಡೂಟಕ್ಕೆ ಪ್ರಾಣ ಬಿಡುವ ಅಶೋಕನಿಗೂ ಮನೆಯಲ್ಲಿ ಬರೀ ಸೊಪ್ಪಿನ ಸಾರಾಯಿತು. ಆರನೆಯ ಷಷ್ಠಿಗೆ ಮಾನಸ ಬಸುರಿಯೆಂದು ತಿಳಿದಾಗ ಮುತ್ಯಾಲಮ್ಮ ಬೀದಿಯ ಎಲ್ಲ ಮನೆಗೂ ಒಂದೊಂದು ಲೋಟ ಹಾಲು ಹಂಚಿದ್ದಳು.

ಬಸುರಿ ಹೆಂಗಸು ಉಪವಾಸದ ದಿನ ಏನು ತಿನ್ನಬೇಕು ಎಂಬ ಪ್ರಶ್ನೆ ಬಂತು. ಅನ್ನವಾಗಲಿ ಮುದ್ದೆಯಾಗಲಿ ನೀರಿನಲ್ಲಿ ಬೆಂದದ್ದು, ಅಂದರೆ ಮುಸುರೆ, ಷಷ್ಠಿಯ ದಿನ ಸಲ್ಲದು. ಬರೀ ಬಾಳೆಹಣ್ಣಿನಲ್ಲಿ ಅವಳಿಗೆ ತಲೆ ಸುತ್ತುತ್ತದೆ. ಆಗ ದಾರಿ ತೋರಿಸಿದವಳು ಪ್ರಮೋದಾಳೇ.

'ನನ್ ಬನ್ನಿಗೆ ನೀರೇ ಸೋಕಲ್ಲ ದೊಡ್ಡಮ್ಮ, ಪೂರ್ತಿ ನಿಮ್ ಹಾಲಲ್ಲೇ ಕಲ್ಸೋದು.'

ಮುತ್ಯಾಲಮ್ಮ ಯೋಚಿಸಿ ತಲೆಯಾಡಿಸಿದಳು. 'ಹಾಲಲ್ಲಿ ಕಲ್ಸಿದ್ದು ಮುಸುರೆ ಅಲ್ಲ ಅಂತ ನಮ್ಮವ್ವನೂ ಅಂತಿದ್ಲು. ಮೊಟ್ಟೆಗಿಟ್ಟೆ ಏನೂ ಇಲ್ವಲ್ಲವ್ವ?'

'ಎಳ್ಳಿಲ್ಲದೇ ಇರೋದು ನಿಮ್ದು. ಕಣ್ಮುಚ್ಕೊಂಡು ತಿನ್ಬೋದು.'

ಹೀಗೆ ಷಷ್ಠಿಯ ಸಂಜೆ ಎರಡು ಬನ್ನು, ಒಂದು ಲೋಟ ಹಾಲು ಎಂದು ಗೊತ್ತಾಯಿತು. ಏಳನೆಯ ಷಷ್ಠಿ ಹಾಗೆ ಕಳೆಯಿತು. ಎಂಟನೆಯದೂ ಕಳೆಯಿತು. ಒಂಬತ್ತನೆಯ ಷಷ್ಠಿ ಶನಿವಾರ ಬಿತ್ತು.

ಆ ಬೆಳಗ್ಗೆ ಎಳ್ಳಿನ ಡಬ್ಬಿ ತೆಗೆದರೆ ತಳದಲ್ಲಿ ನಾಲ್ಕು ಕಾಳೂ ಇಲ್ಲ. ಭಾನುಪ್ರಕಾಶ್ ಚಪ್ಪಲಿ ಮೆಟ್ಟುತ್ತಿದ್ದ. 'ಅಂಗಡೀಲಿ ತಂದ್ಕೊಡ್ತೀನಿ ಇರು' ಎಂದ.

'ಶನಿವಾರ ಎಳ್ಳು ಮನೆಗೆ ತರ್ತಾರೇನ್ರೀ? ಸುಮ್ನೆ ಹೋಗಿ.'

ಶನಿವಾರ ಎಳ್ಳು, ಎಣ್ಣೆ, ಕಬ್ಬಿಣ ಕೊಂಡು ತಂದರೆ ಶನಿಯೂ ಹಿಂದೆಯೇ ಹೊಸ್ತಿಲು ದಾಟುತ್ತಾನೆಂದು ಅವಳ ತಾಯಿ ಹೇಳಿಕೊಟ್ಟಿದ್ದಳು. ಅದನ್ನು ಅವಳು ಎಂದೂ ಮೀರಿದವಳಲ್ಲ. ಒಂದು ದಿನಕ್ಕೇನು, ಎಡಗಡೆಯ ಟ್ರೇ ಅಂಗಡಿಯದು, ಬಲಗಡೆಯದು ಬೀದಿಯವರದು, ಇಷ್ಟು ನೆನಪಿಟ್ಟುಕೊಳ್ಳಲಾರೆನೇ ಅಂದುಕೊಂಡಳು. ಎಡಗಡೆಯದಕ್ಕೆ ಮೊಟ್ಟೆ ಸವರಿದಳು, ಬಲಗಡೆಯದಕ್ಕೆ ಹಾಲು. ಒಂದು ಕಟ್ಟಳೆಯನ್ನು ಕಾಪಾಡಲು ಹೋಗಿ ಇನ್ನೊಂದರ ಬೇಲಿ ಕಿತ್ತದ್ದು ಅವಳ ಗಮನಕ್ಕೆ ಬರಲಿಲ್ಲ.

ಬೇಯುತ್ತಿರುವಾಗಲೇ ಬೀದಿಯ ಮಗ್ಗಗಳೆಲ್ಲ ಒಟ್ಟಿಗೆ ನಿಂತವು. ಕರೆಂಟು ಬರುವುದಕ್ಕೆ ಇಪ್ಪತ್ತು ನಿಮಿಷವಾಯಿತು. ಓವನ್ನಿನ ಬಾಗಿಲು ತೆಗೆದು, ಟ್ರೇ ಹೊರಗೆಳೆದು, ಮೇಲಿನದನ್ನು ಕೆಳಗಿಟ್ಟು, ಕೆಳಗಿನದನ್ನು ಮೇಲಿಟ್ಟು, ಅಂತೂ ಬೇಯಿಸಿ ತೆಗೆದಳು. ದೀಪ ಹಾಕಲು ಮರೆತ ಅಡುಗೆಮನೆ ಇನ್ನೂ ಮಬ್ಬಾಗಿತ್ತು. ಬನ್ನನ್ನೆಲ್ಲ ಒಂದೇ ಮೊರಕ್ಕೆ ಎರಡು ಗುಂಪು ಮಾಡಿ ಆರಲು ಹಾಕಿದಳು. ಮಧ್ಯದಲ್ಲಿ ಉರುಳಿದ ಎರಡು ಮೂರನ್ನು ಕೈಯಿಂದ ಈಚೆಗೋ ಆಚೆಗೋ ಸರಿಸಿದಳು. ಅಂಗಡಿಯ ಗುಂಪನ್ನು ಮಹಬೂಬ್ ಟ್ರೇಯಲ್ಲಿ ಒಯ್ದ. ಮಧ್ಯಾಹ್ನ ಮಾನಸ ತಾನೇ ಡಬ್ಬಿ ಹಿಡಿದು ಬಂದಳು. ನಾಲ್ಕನೆಯ ತಿಂಗಳು, ಹೊಟ್ಟೆ ಇನ್ನೂ ಕಾಣುತ್ತಿರಲಿಲ್ಲ, ಮುಖ ಮಾತ್ರ ಸೊರಗಿತ್ತು. ಪ್ರಮೋದಾಳಿಗೆ ಅಯ್ಯೋ ಅನ್ನಿಸಿತು. ಬಸುರಿಗೆ ಕೊಡುವುದು ಚೆನ್ನಾಗಿರಲಿ ಎಂದು, ಉಳಿದದ್ದರಲ್ಲಿ ಚೆನ್ನಾಗಿ ಉಬ್ಬಿ ಹೊಳೆಯುತ್ತಿದ್ದ ಎರಡನ್ನೇ ಆರಿಸಿ ಡಬ್ಬಿಗೆ ಹಾಕಿದಳು.

'ಎರಡೂ ತಿನ್ಬೇಕು. ಒಂದು ನಿಂಗೆ, ಒಂದು ಒಳಗಿರೋರಿಗೆ.'

ಮಾನಸ ನಕ್ಕಳು. 'ಅವ್ರಿಗೇ ಎರಡೂ ಬೇಕಂತೆ ಅಕ್ಕ.'

ಸಂಜೆ ಮಹಬೂಬ್ ಖಾಲಿ ಟ್ರೇ ತಂದುಕೊಟ್ಟ. 'ಎಲ್ಲಾ ಖರ್ಚಾಯ್ತು ಪ್ರಮೋದಕ್ಕಾ. ಎರಡು ಮಾತ್ರ ಮಂಕಾಗಿತ್ತು, ಮೊಟ್ಟೆ ಸಾಲ್ಲಿಲ್ವಾ?' ಎಂದು ಕೇಳಿ, ಉತ್ತರಕ್ಕೆ ಕಾಯದೆ ಗಾಡಿ ಹತ್ತಿ ಹೋದ.

ಪ್ರಮೋದಾ ಟ್ರೇ ಹಿಡಿದು ನಿಂತೇ ಇದ್ದಳು. ಅವನ ಪಾಲಿಗೆ ಎರಡು ಮಂಕಾದದ್ದು ಹೋಗಿದ್ದರೆ, ಅವನ ಪಾಲಿನ ಹೊಳೆಯುವ ಎರಡು ಎಲ್ಲಿಗೆ ಹೋದವು ಎಂದು ಅವಳಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ತನ್ನ ಕೈಯಿಂದಲೇ ಆರಿಸಿ ಕೊಟ್ಟಿದ್ದಳು. ಎದುರು ಮನೆಯ ಕಡೆ ನೋಡಿದಳು. ದೀಪ ಹಚ್ಚಿ ಆಗಿತ್ತು. ಜಗುಲಿಯ ಮೇಲೆ ತೊಳೆದ ಡಬ್ಬಿ ಬೋರಲು ಹಾಕಿತ್ತು.

ಆಗಲೇ ಹೋಗಿ ಹೇಳಿಬಿಟ್ಟಿದ್ದರೆ ಮುತ್ಯಾಲಮ್ಮ ನಾಲ್ಕು ಮಾತು ಅನ್ನುತ್ತಿದ್ದಳು, ದೇವರಿಗೆ ತಪ್ಪುಕಾಣಿಕೆ ಎತ್ತಿಡುತ್ತಿದ್ದಳು, ಅಲ್ಲಿಗೆ ಮುಗಿಯುತ್ತಿತ್ತು. ಪ್ರಮೋದಾ ಹೋಗಲಿಲ್ಲ. ಮೇಲೆ ಸವರಿದ್ದು ತಾನೇ, ಹಿಟ್ಟಿಗೆ ಕಲಸಿದ್ದಲ್ಲವಲ್ಲ. ಗೊತ್ತಿಲ್ಲದೆ ತಿಂದದ್ದಕ್ಕೆ ದೇವರು ಕೋಪ ಮಾಡಿಕೊಳ್ಳುವುದಿಲ್ಲ. ಬಸುರಿಯ ಮನಸ್ಸಿಗೆ ಯಾಕೆ ಕಸಿವಿಸಿ. ಹೀಗೆ ಒಂದರ ಮೇಲೊಂದು ಸಮಾಧಾನ ಹುಡುಕಿಕೊಂಡಳು. ನಿಜವಾದ ಕಾರಣ ಇಷ್ಟೇ: ಪ್ರಮೋದಕ್ಕನ ಬನ್ನನ್ನು ಕಣ್ಣು ಮುಚ್ಚಿಕೊಂಡು ತಿನ್ನಬಹುದು ಎಂಬ ಮಾತು ಆ ಬೀದಿಯಲ್ಲಿ ನಿಲ್ಲಬೇಕಾಗಿತ್ತು.

ಬುಧವಾರ ಮಾನಸಳನ್ನು ಸ್ಕ್ಯಾನಿಂಗಿಗೆ ಕರೆದುಕೊಂಡು ಹೋದರು. ಮಗುವಿನ ಎದೆಬಡಿತ ಇರಲಿಲ್ಲ. ಡಾಕ್ಟರು ಕೂರಿಸಿಕೊಂಡು ಏನೇನೋ ಹೇಳಿದರು, ಅಶೋಕ್ ಎಲ್ಲದಕ್ಕೂ ತಲೆಯಾಡಿಸಿ ರಿಪೋರ್ಟನ್ನು ಪ್ಲಾಸ್ಟಿಕ್ ಕವರಿಗೆ ಹಾಕಿಕೊಂಡ. ಎರಡು ದಿನ ಆಸ್ಪತ್ರೆಯಲ್ಲಿದ್ದು ಮಾನಸ ಮನೆಗೆ ಬಂದಳು. ಬಂದವಳು ಅಳಲಿಲ್ಲ. ಗೋಡೆಗೆ ಒರಗಿ ಕೂತಳು, ಕೂತೇ ಇದ್ದಳು.

ಮೂರನೆಯ ಸಲ. ಮುತ್ಯಾಲಮ್ಮನಿಗೆ ಇದನ್ನು ಸುಮ್ಮನೆ ಸಹಿಸಿಕೊಳ್ಳಲು ಆಗಲಿಲ್ಲ. ತಾನು ಇಟ್ಟ ಹೆಜ್ಜೆಯೆಲ್ಲ ಸರಿಯಾಗಿದ್ದ ಮೇಲೆ ಎಲ್ಲೋ ಯಾರೋ ತಪ್ಪಿರಬೇಕಲ್ಲವೆ? ಕವಡೆ ಹಾಕಿ ಶಾಸ್ತ್ರ ಹೇಳುವ ಕೊಂಡಪ್ಪನ ಹತ್ತಿರ ಹೋದಳು. ಅವನು ಕವಡೆ ಉರುಳಿಸಿ, 'ಹರಕೆಗೆ ಮುಸುಕು ಬಿದ್ದದೆ ಕಣವ್ವ. ಬಾಯಿಗೆ ಬರಬಾರದ್ದು ಬಾಯಿಗೆ ಬಂದದೆ' ಎಂದ. ಹರಕೆ ಹೊತ್ತು ಕೆಟ್ಟವರಿಗೆಲ್ಲ ಅವನು ಹೇಳುತ್ತಿದ್ದುದು ಅದೇ ಮಾತು. ಆದರೆ ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ. ಸುದ್ದಿ ಕೇಳಿದ ಪ್ರಮೋದಾ ಮರುದಿನ ಹಾಲಿಗೆ ಹೋದಾಗ ಮುತ್ಯಾಲಮ್ಮನ ಮುಖ ನೋಡದೆ ಕ್ಯಾನು ತುಂಬಿಸಿಕೊಂಡು ಬಂದಳು.

ಮುತ್ಯಾಲಮ್ಮನ ಕಣ್ಣು ಮಾತ್ರ ಎದುರು ಮನೆಯ ಕಡೆ ಹೊರಳಲೇ ಇಲ್ಲ. ಅದು ಸೊಸೆಯ ಮೇಲೆ ನಿಂತಿತು. ಗಾರ್ಮೆಂಟ್ಸಿನಲ್ಲಿ ಜೊತೆಯವರ ಜೊತೆ ಎಗ್ ಪಫ್ ತಿಂದಿರಬೇಕು. ಯಾರದೋ ಬರ್ತ್‌ಡೇ ಕೇಕು ತಿಂದಿರಬೇಕು. 'ತಿಂದಿದ್ರೆ ತಿಂದೆ ಅನ್ನು, ತಪ್ಪುಕಾಣಿಕೆ ಕಟ್ಟಣ' ಎಂದು ಬೆಳಗ್ಗೆ ಕೇಳುವಳು. 'ಏನೂ ತಿಂದಿಲ್ಲ ಅತ್ತೆ' ಎಂದು ಮಾನಸ ಅನ್ನುವಳು. ಸಂಜೆ ಮತ್ತೆ ಅದೇ ಪ್ರಶ್ನೆ, ಮತ್ತೆ ಅದೇ ಉತ್ತರ. ಅಶೋಕ್ ಎರಡು ಪಾಳಿ ಡ್ಯೂಟಿ ಮಾಡತೊಡಗಿದ. ಮನೆಗೆ ಬರುವುದು ತಪ್ಪಿದರೆ ಪಕ್ಷ ವಹಿಸುವುದೂ ತಪ್ಪುತ್ತದಲ್ಲ.

ಪ್ರಮೋದಾ ದಿನ ಬಿಟ್ಟು ದಿನ ಮಾನಸಳಿಗೆ ಬನ್ನು ಒಯ್ದು ಕೊಟ್ಟಳು, ಗಂಜಿ ಒಯ್ದು ಕೊಟ್ಟಳು, ತಲೆಗೆ ಎಣ್ಣೆ ಹಚ್ಚಿ ಬಾಚಿದಳು. ಮುತ್ಯಾಲಮ್ಮ ಕಣ್ಣಲ್ಲಿ ನೀರು ತಂದುಕೊಂಡು, 'ನೀನೊಬ್ಬಳು ಇದೀಯಲ್ಲವ್ವ, ನಿನ್ ಹೊಟ್ಟೆ ತಣ್ಣಗಿರ್ಲಿ' ಎಂದಳು. ಅದನ್ನು ಕೇಳಿ ಪ್ರಮೋದಾಳಿಗೆ ಅನ್ನ ಇಳಿಯದಂತಾಯಿತು. ಬೈಸಿಕೊಂಡಿದ್ದರೆ ತಡೆದುಕೊಳ್ಳುತ್ತಿದ್ದಳು.

ಮುಂದಿನ ಷಷ್ಠಿ ಭಾನುವಾರ ಇತ್ತು. ಅಂದು ಬೆಳಗ್ಗೆ ಬೀದಿಯ ಹಿಂದಿನ ನಾಗರಕಟ್ಟೆಯಲ್ಲಿ ಕರ್ಪೂರ ಹಚ್ಚಿ, ಉರಿಯ ಮೇಲೆ ಕೈಯಿಟ್ಟು ಮಾನಸ ಆಣೆ ಮಾಡಬೇಕೆಂದು ಮುತ್ಯಾಲಮ್ಮ ತೀರ್ಮಾನಿಸಿದಳು. ಮಾನಸಳ ತವರಿನವರಿಗೂ ಹೇಳಿ ಕಳಿಸಿದಳು. ಆಣೆ ಮಾಡಲು ಹಿಂಜರಿದರೆ ಹಾಗೆಯೇ ಅವರ ಜೊತೆ ಕಳಿಸಿಬಿಡುವುದು. ಮಾನಸ ಒಪ್ಪಿಕೊಂಡಳು. ಒಪ್ಪದೆ ಏನು, ತಾನು ತಿಂದಿಲ್ಲವೆಂದು ಅವಳಿಗೆ ಗೊತ್ತಿತ್ತಲ್ಲ.

ಪ್ರಮೋದಾಳಿಗೆ ಈಗ ಅತ್ತ ದರಿ ಇತ್ತ ಪುಲಿ. ಹೇಳಿದರೆ ಆರು ವರ್ಷದ ಹೆಸರು ಹೋಯಿತು, ಹಾಲು ಹೋಯಿತು, ಬೀದಿಯ ಗಿರಾಕಿಗಳು ಹೋದರು. ಹೇಳದಿದ್ದರೆ ಆ ಹುಡುಗಿ ನಾಗರಕಲ್ಲಿನ ಮುಂದೆ ಸುಳ್ಳು ಆಣೆ ಇಡುತ್ತಾಳೆ. ಸುಳ್ಳೆಂದು ಅವಳಿಗೆ ಗೊತ್ತಿರುವುದಿಲ್ಲ, ಆದರೆ ನಾಗಪ್ಪನಿಗೆ ಗೊತ್ತಿರುತ್ತದೆ. ನಾಗಪ್ಪನ ಮುಂದೆ ಇಟ್ಟ ಸುಳ್ಳು ಆಣೆ ಹೊಟ್ಟೆಯ ಫಲಕ್ಕೇ ತಗಲುತ್ತದೆ ಎಂದು ಪ್ರಮೋದಾ ನಂಬಿದವಳು. ಮುಂದೆ ಹುಟ್ಟಬೇಕಾದದ್ದಕ್ಕೂ ತಾನೇ ಅಡ್ಡ ನಿಂತ ಹಾಗಾಗುತ್ತದೆ.

ಶನಿವಾರ ಸಂಜೆ ಸರ್ವರ್ ಬೇಗಂ ಅವರ ಮನೆಗೆ ಹೋಗಿ ಎಲ್ಲವನ್ನೂ ಹೇಳಿದಳು. ಬೇಗಂ ಮಂಡಿಗೆ ಎಣ್ಣೆ ತಿಕ್ಕಿಕೊಳ್ಳುತ್ತ ಕೊನೆಯವರೆಗೂ ಕೇಳಿದರು.

'ಹಿಟ್ಟು ಒಂದು ಗಂಟೆ ಮುಚ್ಚಿಟ್ರೆ ಉಬ್ಬುತ್ತೆ. ದಿನಗಟ್ಲೆ ಮುಚ್ಚಿಟ್ರೆ ಏನಾಗುತ್ತೆ, ನಿಂಗೇ ಗೊತ್ತಲ್ಲ ಬೇಟಾ.'

'ಹೇಳಿದ್ರೆ ಆ ಮೊಟ್ಟೆ ಟ್ರೇ ಯಾರ್ದು ಅಂತ ಕೇಳ್ತಾರೆ ಖಾಲಾ. ನಿಮ್ಮನೆ ಹೆಸರು ಬರುತ್ತೆ.'

ಬೇಗಂ ಕೈ ನಿಲ್ಲಿಸಿದರು. ಎಣ್ಣೆಯ ಬಟ್ಟಲನ್ನು ಪಕ್ಕಕ್ಕೆ ಸರಿಸಿದರು. ಆಮೇಲೆ, 'ಬಂದ್ರೆ ಬರ್ಲಿ. ಆ ಹುಡುಗಿ ಕೈ ಸುಡೋದಕ್ಕಿಂತ ಅದೇ ವಾಸಿ' ಎಂದರು. ಅವರ ಮುಖದಲ್ಲಿ ಭಯ ಇತ್ತು. ಅದನ್ನು ಪ್ರಮೋದಾ ನೋಡಿದಳು.

ಭಾನುವಾರ ಎಂದಿನಂತೆ ನಾಲ್ಕೂವರೆಗೆ ಎದ್ದು ಹಿಟ್ಟು ನಾದಿಟ್ಟಳು. ಬೆಳಕು ಹರಿಯುವಾಗ ಕೊಟ್ಟಿಗೆಯಲ್ಲಿ ಮುತ್ಯಾಲಮ್ಮ ಒಬ್ಬಳೇ ಹಾಲು ಕರೆಯುತ್ತಿರುವಾಗ ಹೇಳಿಬಿಡುವುದು ಎಂದು ಹೋದಳು. ಬಾಯಿ ತೆರೆದಳು. ಅಷ್ಟರಲ್ಲಿ ಮಾನಸಳ ತವರಿನವರ ಆಟೋ ಬಂತು. ಬಂದರಲ್ಲ ಎಂದು ಒಳಗೊಳಗೇ ಸಮಾಧಾನವಾದದ್ದಕ್ಕೆ ತನ್ನ ಮೇಲೆಯೇ ಹೇಸಿಗೆಯಾಯಿತು. ಹಾಲು ತುಂಬಿದ ಕ್ಯಾನು ಹಿಡಿದು ವಾಪಸು ಬಂದಳು.

ಎಂಟು ಗಂಟೆಗೆ ನಾಗರಕಟ್ಟೆಯ ಸುತ್ತ ಹತ್ತು ಹನ್ನೆರಡು ಜನ ನಿಂತಿದ್ದರು. ಅರಳೀಮರದ ಕೆಳಗೆ ಅರಿಸಿನ ಮೆತ್ತಿದ ಕಲ್ಲುಗಳು, ಒಂದರ ಮುಂದೆ ತಟ್ಟೆ, ತಟ್ಟೆಯಲ್ಲಿ ಕರ್ಪೂರ. ಮಾನಸ ಒದ್ದೆ ಕೂದಲು ಬಿಟ್ಟುಕೊಂಡು, ಮಾಸಲು ಕೆಂಪು ಸೀರೆಯಲ್ಲಿ ನಿಂತಿದ್ದಳು. ಅವಳ ತಾಯಿ ಸೆರಗನ್ನು ಬಾಯಿಗೆ ತುರುಕಿಕೊಂಡಿದ್ದಳು. ಅಶೋಕ್ ಕಟ್ಟೆಯ ಕಲ್ಲನ್ನು ನೋಡುತ್ತಿದ್ದ. ಮುತ್ಯಾಲಮ್ಮ ಕರ್ಪೂರ ಹಚ್ಚಿದಳು.

'ಹೇಳವ್ವ. ಹರಕೆ ಹೊತ್ತ ಮೇಲೆ ಮೊಟ್ಟೆ ಮಾಂಸ ನಾಲಿಗೆಗೆ ತಾಕಿಲ್ಲ ಅಂತ ಹೇಳು.'

ಮಾನಸ ಕೈ ಚಾಚಿದಳು. ಕೈ ಒಂದಿಷ್ಟೂ ನಡುಗಲಿಲ್ಲ. ಪ್ರಮೋದಾ ಜನರನ್ನು ಸರಿಸಿಕೊಂಡು ಹೋಗಿ ಆ ಕೈಯನ್ನು ಹಿಡಿದು ಪಕ್ಕಕ್ಕೆ ಎಳೆದಳು.

'ಬೇಡ. ಅವ್ಳು ತಿಂದಿದಾಳೆ' ಎಂದಳು. 'ಕೊಟ್ಟೋಳು ನಾನು.'

ಒಂದೇ ಉಸಿರಿಗೆ ಹೇಳಿ ಮುಗಿಸಿದಳು. ಎಳ್ಳು ತೀರಿದ್ದು, ಶನಿವಾರವಾದ್ದರಿಂದ ತರಿಸದೆ ಬಿಟ್ಟದ್ದು, ಕರೆಂಟು ಹೋದದ್ದು, ಹೊಳೆಯುವುದನ್ನೇ ಆರಿಸಿದ್ದು. ಯಾರೋ ಹಿಂದಿನಿಂದ, 'ಮೊಟ್ಟೆ ಟ್ರೇ ಯಾರ್ ಮನೇದು?' ಎಂದು ಕೇಳಿದರು.

'ನಮ್ಮನೇದು' ಎಂದಳು ಪ್ರಮೋದಾ. 'ನಮ್ಮನೇಲಿ ಮೊಟ್ಟೆ ತಿಂತೀವಿ.'

ಮುತ್ಯಾಲಮ್ಮ ಕೂಗಾಡಲಿಲ್ಲ. ಕರ್ಪೂರದ ಮೇಲಿನಿಂದ ಕಣ್ಣು ತೆಗೆಯದೆ ಕೇಳಿದಳು. 'ನಿಂಗ್ಯಾವತ್ತು ಗೊತ್ತಾಯ್ತು?'

'ಅವತ್ತೇ ಸಾಯಂಕಾಲ.'

'ಅವತ್ತೇ.' ಅವಳು ತಲೆಯಾಡಿಸಿದಳು. 'ಒಂದು ತಿಂಗ್ಳು ನನ್ ಹಾಲಲ್ಲೇ ಹಿಟ್ಟು ಕಲ್ಸಿದೆ. ನನ್ ಸೊಸೆ ತಲೆ ಬಾಚ್ದೆ. ನಿನ್ ಹೊಟ್ಟೆ ತಣ್ಣಗಿರ್ಲಿ ಅಂತ ನನ್ ಬಾಯಲ್ಲಿ ಅನ್ನಿಸ್ಕೊಂಡೆ.'

ಪ್ರಮೋದಾ ಹಿಡಿದಿದ್ದ ಮಾನಸಳ ಕೈಯನ್ನು ಬಿಟ್ಟಳು.

'ನಾಳೆಯಿಂದ ಕ್ಯಾನ್ ತರ್ಬೇಡ' ಎಂದು ಹೇಳಿ ಮುತ್ಯಾಲಮ್ಮ ಸೊಸೆಯ ಕಡೆ ತಿರುಗಿದಳು. ಸೊಸೆಯ ಸೀರೆಯ ನೆರಿಗೆ ಜಾರಿತ್ತು, ಅದನ್ನು ಸರಿಮಾಡಿ ಸಿಕ್ಕಿಸಿದಳು. ಕ್ಷಮಿಸು ಎನ್ನಲು ಬರದ ಅತ್ತೆಯಂದಿರು ಹೀಗೆ ಏನಾದರೊಂದು ಮಾಡುತ್ತಾರೆ. ಕರ್ಪೂರ ತಾನಾಗಿ ಉರಿದು ಮುಗಿಯಿತು. ಜನ ಚದುರಿದರು. ಮಾನಸ ಪ್ರಮೋದಾಳನ್ನೇ ನೋಡುತ್ತಿದ್ದಳು. ಅವಳ ಮುಖದಲ್ಲಿ ಬಿಡುಗಡೆಯ ಗುರುತು ಇರಲಿಲ್ಲ.

ಮನೆಗೆ ಬಂದರೆ ಬೆಳಗ್ಗೆ ನಾದಿಟ್ಟ ಹಿಟ್ಟು ಬಟ್ಟೆಯನ್ನು ಎತ್ತಿಹಾಕಿ, ಪಾತ್ರೆಯ ಅಂಚು ಮೀರಿ ಉಬ್ಬಿ, ಮತ್ತೆ ಕುಸಿದು ಹುಳಿ ವಾಸನೆ ಹೊಡೆಯುತ್ತಿತ್ತು. ಭಾನುಪ್ರಕಾಶ್ ಆಗಲೇ ಸುದ್ದಿ ಕೇಳಿದ್ದ. 'ನಂಗೂ ಹೇಳ್ಲಿಲ್ವಲ್ಲೇ' ಎಂದು ಅಷ್ಟೇ ಅಂದು ಹೊರಗೆ ಹೋದ. ಮಧ್ಯಾಹ್ನದವರೆಗೆ ಬೀದಿಯ ಮೂರು ಮನೆಗಳಿಂದ ಇನ್ನು ಬನ್ನು ಬೇಡ ಎಂದು ಫೋನು ಬಂತು. ಒಬ್ಬಾಕೆ ಕಾರಣವನ್ನೂ ಹೇಳಲಿಲ್ಲ. ಪ್ರಮೋದಾ ಹಿಟ್ಟನ್ನು ಚೆಲ್ಲಲೂ ಮನಸ್ಸಾಗದೆ, ಬೇಯಿಸಲೂ ಮನಸ್ಸಾಗದೆ, ಅದರಲ್ಲಿ ಕೈಯಿಟ್ಟುಕೊಂಡು ಕೂತಿದ್ದಳು. ಕೆಟ್ಟ ಮೇಲೆ ಬುದ್ಧಿ ಬಂತು ಅನ್ನುತ್ತಾರೆ. ಬುದ್ಧಿ ಅವಳಿಗೆ ಮೊದಲೇ ಇತ್ತು, ಧೈರ್ಯ ತಡವಾಗಿ ಬಂತು.

ಎರಡು ಗಂಟೆಯ ಹೊತ್ತಿಗೆ ಮಾನಸ ಬಂದಳು. ಬಾಗಿಲಲ್ಲೇ ನಿಂತಳು.

'ಯಾಕಕ್ಕ ಹೇಳಿದ್ರಿ?'

ಪ್ರಮೋದಾ ಬೈಗುಳಕ್ಕೆ ಸಿದ್ಧಳಾಗಿದ್ದಳು, ಈ ಪ್ರಶ್ನೆಗೆ ಸಿದ್ಧಳಾಗಿರಲಿಲ್ಲ. 'ನಿನ್ ಮೇಲೆ ಸುಳ್ಳು ಅಪವಾದ ಬಂದಿತ್ತಲ್ಲ ಮಾನಸ. ನೀನು ಗೊತ್ತಿಲ್ದೆ ಆಣೆ ಇಡ್ತಿದ್ದೆ.'

'ಇಡ್ತಿದ್ದೆ. ಮುಗಿದುಹೋಗ್ತಿತ್ತು.' ಮಾನಸ ಒಳಗೆ ಬಂದು ನೆಲದ ಮೇಲೆ ಕೂತಳು. 'ಅತ್ತೆ ಏನಂದ್ರೂ, ಯಾರೇನಂದ್ರೂ, ನಾನು ಏನೂ ತಿಂದಿಲ್ಲ, ನನ್ನಿಂದ ಏನೂ ಆಗಿಲ್ಲ ಅಂತ ಒಂದು ನಂಬ್ಕೆ ಇತ್ತಕ್ಕ. ಒಂದು ತಿಂಗ್ಳು ಅದನ್ನ ಹಿಡ್ಕೊಂಡೇ ಇದ್ದೆ. ಈಗ ಅದೂ ಇಲ್ಲ. ನಾನೇ ನನ್ ಕೈಯಾರೆ ತಿಂದಿದೀನಿ.'

ಇದು ಪ್ರಮೋದಾಳಿಗೆ ಹೊಳೆದೇ ಇರಲಿಲ್ಲ. ಮಾನಸಳ ಹೆಸರನ್ನು ಉಳಿಸಲು ಹೋಗಿ, ಅವಳ ಹತ್ತಿರ ಉಳಿದಿದ್ದ ಒಂದೇ ಆಸರೆಯನ್ನು ಕಿತ್ತುಕೊಂಡಿದ್ದಳು. ಏನಾದರೂ ಹೇಳಬೇಕೆಂದು, ಏನೂ ತೋಚದೆ, ಬಾಯಿಗೆ ಬಂದದ್ದನ್ನು ಕೇಳಿದಳು.

'ಡಾಕ್ಟ್ರು ಏನಂದಿದ್ರು? ಯಾಕೆ ಹಿಂಗಾಯ್ತು ಅಂತ?'

'ಯಾಕೆ ಅಂತ ಹೇಳೋಕಾಗಲ್ಲ ಅಂದ್ರು. ಹದಿನೈದು ದಿವ್ಸದ ಹಿಂದೇನೇ ಬೆಳವಣಿಗೆ ನಿಂತಿದೆ, ನಿಮಗೆ ಗೊತ್ತಾಗಿಲ್ಲ ಅಂದ್ರು. ರಿಪೋರ್ಟಲ್ಲೂ ಬರ್ದವ್ರೆ.' ಮಾನಸ ಇದನ್ನು ಯಾರದೋ ಸುದ್ದಿಯ ಹಾಗೆ ಹೇಳಿದಳು.

ಪ್ರಮೋದಾ ಎದ್ದಳು. ಗೋಡೆಯ ಕ್ಯಾಲೆಂಡರಿನ ಹಾಳೆಯನ್ನು ಹಿಂದಕ್ಕೆ ತಿರುಗಿಸಿದಳು. ಹಿಟ್ಟು ಮೆತ್ತಿದ ಬೆರಳನ್ನು ಸ್ಕ್ಯಾನಿಂಗಿನ ಬುಧವಾರದ ಮೇಲಿಟ್ಟಳು. ಅಲ್ಲಿಂದ ಹಿಂದೆ ಸರಿದು ಶನಿವಾರದ ಷಷ್ಠಿಗೆ ಬಂದಳು. ನಾಲ್ಕು ದಿನ. ಬೆರಳು ಅಲ್ಲಿ ನಿಲ್ಲಲಿಲ್ಲ, ಮೇಲಿನ ಸಾಲಿಗೆ ಏರಿತು. ಹದಿನೈದು.

'ನಾಲ್ಕೇ ದಿನ ಕಣೆ' ಎಂದಳು. 'ಬನ್ನು ತಿಂದಿದ್ದು ಸ್ಕ್ಯಾನಿಂಗಿಗೆ ನಾಲ್ಕೇ ದಿನ ಮುಂಚೆ. ಬೆಳವಣಿಗೆ ನಿಂತಿದ್ದು ಅದಕ್ಕೂ ಮುಂಚೆನೇ. ಬನ್ನಿಂದ ಆಗಿದ್ದಲ್ಲ ಮಾನಸ. ನಿನ್ನಿಂದ ಅಲ್ಲ, ನನ್ನಿಂದಾನೂ ಅಲ್ಲ.'

ಒಂದು ಗಳಿಗೆ ಅವಳ ಎದೆಯ ಮೇಲಿನ ಕಲ್ಲು ಇಳಿದಂತಾಯಿತು. ತಿರುಗಿ ನೋಡಿದಳು. ಮಾನಸ ಕ್ಯಾಲೆಂಡರಿನ ಮೇಲೆ ಹಿಟ್ಟಿನ ಗುರುತು ಬಿದ್ದ ಎರಡು ಚೌಕಗಳನ್ನೂ ನೋಡುತ್ತಿದ್ದಳು, ಕೆಳಗಿನ ಶನಿವಾರವನ್ನು, ಮೇಲಿನ ಆ ಇನ್ನೊಂದು ದಿನವನ್ನು.

'ಹಂಗಾದ್ರೆ ಷಷ್ಠಿ ದಿವ್ಸ' ಎಂದಳು, 'ನಾನು ಉಪವಾಸ ಇದ್ದಾಗ, ಒಳಗೆ ಯಾರೂ ಇರ್ಲಿಲ್ವಾ ಅಕ್ಕ?'

ಪ್ರಮೋದಾ ಕ್ಯಾಲೆಂಡರಿನ ಹಾಳೆಯನ್ನು ಕೆಳಗೆ ಬಿಟ್ಟಳು.

'ಹೊಟ್ಟೆ ತುಂಬ್ಹೋಗಿತ್ತು. ಎರಡನೇದು ಬೇಡ ಅನ್ನಿಸ್ತು. ನೀವು ಹೇಳಿದ್ರಲ್ಲ, ಒಂದು ಅದಕ್ಕೆ ಅಂತ. ಅದಕ್ಕೇಂತ ತಿಂದೆ.'

ಆಮೇಲೆ ಮಾನಸ ಅತ್ತಳು. ಒಂದು ತಿಂಗಳಿಂದ ಆ ಬೀದಿಯಲ್ಲಿ ಎಲ್ಲರೂ ತಪ್ಪು ಯಾರದೆಂದು ಹುಡುಕಿದ್ದರು, ಪ್ರಮೋದಾಳೂ ತನ್ನ ತಪ್ಪನ್ನೇ ಎತ್ತಿಕೊಂಡು ಓಡಾಡಿದ್ದಳು. ಮಗು ಹೋಯಿತೆಂದು ಯಾರೂ ಅತ್ತಿರಲಿಲ್ಲ. ಪ್ರಮೋದಾ ಕೈ ತೊಳೆದುಕೊಳ್ಳಲೂ ಹೋಗದೆ ಅವಳ ಪಕ್ಕದಲ್ಲಿ ನೆಲದ ಮೇಲೆ ಕೂತು, ಅವಳನ್ನು ಹತ್ತಿರಕ್ಕೆ ಎಳೆದುಕೊಂಡಳು. ಮಾನಸಳ ಕೆಂಪು ಸೀರೆಗೆ ಹಿಟ್ಟು ಮೆತ್ತಿತು. ಎದುರು ಮನೆಯ ಬಾಗಿಲಲ್ಲಿ ಮುತ್ಯಾಲಮ್ಮ ನಿಂತು ಆ ಅಳು ಕೇಳಿಸಿಕೊಳ್ಳುತ್ತಿದ್ದಳು. ಬೀದಿ ದಾಟಿ ಬರಲೋ ಬೇಡವೋ ಎಂದು ಬಹಳ ಹೊತ್ತು ನಿಂತೇ ಇದ್ದಳು.